ಹಿಂದಕ್ಕೆ ತಿರುಗುವ ಸಿನಿಮಾ

ಕರೆಂಟು ಹೋಗಬಹುದಿತ್ತು. ಬಲ್ಬು ಸಿಡಿಯಬಹುದಿತ್ತು. ರೀಲಿಗೆ ಬೆಂಕಿ ಹತ್ತಿ, ಅದರಿಂದ ಹಿತ್ತಲಿನ ಬಣವೆಗೆ ಹತ್ತಿ, ಸಂಶಿಯ ಅರ್ಧ ಊರು ಸುಟ್ಟು, ಉಳಿದರ್ಧ ನಮ್ಮನ್ನು ಅಟ್ಟಿಸಿಕೊಂಡು ಬರಬಹುದಿತ್ತು. ಪರದೆಗೆಂದು ಕಟ್ಟಿದ ಕಾಕಾನ ಧೋತರವನ್ನು ಎಮ್ಮೆ ಮೇಯಬಹುದಿತ್ತು! ಕಾಕಾನ ಜೊತೆ ಸಿನಿಮಾ ತೋರಿಸಲು ಹೋಗುತ್ತಿದ್ದ ನನಗೆ ಚಿಂತೆಯ ರೋಗ ಆಗಲೇ, ಎಪ್ಪತ್ತರ ದಶಕದಲ್ಲೇ, ಅಂಟಿತ್ತು.

ಧಾರವಾಡ ಜಿಲ್ಲೆಯ ಮಹಾ ಮಾತುಗಾರನೊಬ್ಬ ಮೂಕಿ ಸಿನಿಮಾ ತೋರಿಸುತ್ತಿದ್ದ ಅಂದರೆ ನಂಬುತ್ತೀರಾ? ಅವನೇ ನಮ್ಮ ಕಾಕಾ. ಮಾಸ್ತರಿಕೆಯಿಂದ ನಿವೃತ್ತನಾದವನೇ ಹುಬ್ಬಳ್ಳಿಯ ಗುಜರಿಯಿಂದ ಕೈಯಲ್ಲಿ ತಿರುಗಿಸುವ ಮಷೀನು, ಜೊತೆಗೆ ಒಂದೇ ಒಂದು ರೀಲು ತಂದ. ತಟ್ಟೆ ಹೊತ್ತ ಹೋಟೆಲ್ ಮಾಣಿಯೊಬ್ಬ ಜಾರಿ ಬೀಳುತ್ತಾನೆ, ಎದ್ದು ಮತ್ತೆ ಬೀಳುತ್ತಾನೆ. ಕಥೆಯೆಲ್ಲ ಇಷ್ಟೇ.

"ಮಾತಾಡೂ ಸಿನಿಮಾ ತರಬಾರದೇನ್ರಿ?" ಅಂದರೆ, "ಮತ್ತ ನಾ ಏನ್ ಮಾಡ್ಲಿ?" ಎನ್ನುತ್ತಿದ್ದ. ಪರದೆಯ ಮೇಲಿನ ಎಲ್ಲರ ಮಾತೂ ಅವನದೇ! ದುಮ್ಮವಾಡದಲ್ಲಿ ತೋರಿಸುವಾಗ ಆ ಮಾಣಿಗೆ "ಗೌಡ್ರ ಅಳಿಯಾ" ಎಂದು ಹೆಸರಿಟ್ಟ. ಗೌಡರ ನಿಜವಾದ ಅಳಿಯ ಮುಂದಿನ ಸಾಲಿನಲ್ಲೇ ಕೂತಿದ್ದ. ಸಿಟ್ಟಿನಿಂದ ಎದ್ದು ಹೋದವನು ಮರುದಿನ ಹುಡುಕಿಕೊಂಡು ಬಂದ. "ನಾ ಬೀಳೂದು ನಮ್ಮನಿಯಾಕಿ ನೋಡಿಲ್ರಿ. ಇನ್ನೊಮ್ಮಿ ತೋರಸ್ರಿ."

ಮುಂದಿನ ವರ್ಷ ಕಾಕಾನ ಒಬ್ಬನೇ ಮಗ ಜ್ವರ ಬಂದು ತೀರಿಕೊಂಡ. ಕಾಕಾನ ಹೆಂಡತಿ, ನಮ್ಮ ಚಿಗವ್ವ, ಮಾತು ಬಿಟ್ಟಳು. ಎರಡು ತಿಂಗಳು ಒಂದು ಶಬ್ದವಿಲ್ಲ. ಒಂದು ಸಂಜೆ ಕಾಕಾ ಅಂಗಳದಲ್ಲಿ ಧೋತರ ಕಟ್ಟತೊಡಗಿದ.

"ಸತ್ತ ಮನ್ಯಾಗ ನಗಸೂದೇನ್ರಿ ಮಾಸ್ತರ?" ಬಾಜು ಮನೆಯ ಅಜ್ಜ ಕೇಳಿದ.

"ಅತ್ತು ನೋಡೇವಲ್ರಿ ಅಜ್ಜಾರ. ಆಕಿ ಬಾಯಿ ಬಿಡ್ಲಿಲ್ಲ."

ಮಾಣಿ ಬಿದ್ದ. ತಟ್ಟೆಗಳು ಚೂರಾದವು. ಅಂಗಳವೆಲ್ಲ ಬಿದ್ದು ಬಿದ್ದು ನಕ್ಕಿತು. ಹೊಸ್ತಿಲ ಮೇಲೆ ಕೂತ ಚಿಗವ್ವ ಒಮ್ಮೆಲೇ ಗದರಿದಳು:

"ಏನ್ರೀ, ಅಂವಗ ಪೆಟ್ಟಾಗೇತಿ! ಹಲ್ಲು ಕಿಸ್ಕೋತ ಕುಂತೀರಲ್ಲ, ಎಬ್ಬಸ್ರಿ ಅಂವನ್ನ!"

ನಗು ನಿಂತಿತು. ನಗಿಸಲು ಹೊರಟವನಿಗೆ ಬೈಗುಳ ಸಿಕ್ಕಿತ್ತು, ಆದರೆ ಮಾತು ಸಿಕ್ಕಿತ್ತಲ್ಲ! ಕಾಕಾ ಮಷೀನಿನ ಹಿಡಿಕೆಯನ್ನು ಉಲ್ಟಾ ತಿರುಗಿಸಿದ. ಬಿದ್ದವನು ನೆಲದಿಂದ ಎದ್ದು ನಿಂತ. ಚೂರುಗಳೆಲ್ಲ ಕೂಡಿಕೊಂಡು ತಟ್ಟೆಗಳಾಗಿ ಅವನ ಕೈಗೆ ಬಂದವು.

ಚಿಗವ್ವ ಮುಂದಕ್ಕೆ ಬಾಗಿದಳು. "ಇನ್ನೂ ಹಿಂದಕ್ಕ ಹೋಗ್ತೇತೇನ್ರಿ ಇದು?"

"ಹೋಗ್ತೇತಿ."

"ಎಲ್ಲೀತನಕ?"

ಕಾಕಾ ತಿರುಗಿಸುತ್ತಲೇ ಹೋದ. ಮಾಣಿ ಹಿಂದೆ ಹಿಂದೆ ನಡೆದು, ಬಂದ ಬಾಗಿಲಲ್ಲೇ ಒಳಗೆ ಹೋದ. ಬಾಗಿಲು ಮುಚ್ಚಿಕೊಂಡಿತು.

ನಾನು ಹೆದರಿದ್ದರಲ್ಲಿ ಒಂದೂ ಆಗಲಿಲ್ಲ. ಆದದ್ದು ಒಂದೇ, ಅದೂ ಸಣ್ಣದು. ರೀಲು ಮುಗಿಯಿತು.