ಅಂತರಪಟವನ್ನು ಹಳದಿ ಮಾಡಿದ ಬಿಳುಪಿನ ಬಾಟಲಿಗೆ

ನಮ್ಮ ಬಚ್ಚಲುಮನೆಯ ಮೇಲಿನ ಹಲಗೆಯಲ್ಲಿ ವಿರಾಜಮಾನರಾಗಿರುವ, ನೀಲಿ ಮುಚ್ಚಳಧಾರಿಗಳಾದ ಬ್ಲೀಚಿಂಗ್ ದ್ರಾವಣದ ಬಾಟಲಿಯವರ ಸನ್ನಿಧಿಗೆ,

ಮಾನ್ಯರೇ,

ಕುಮಟೆಯ ಹತ್ತಿರದ ಹೊಳನಗದ್ದೆಯಿಂದ ಕಿರಾಣಿ ಅಂಗಡಿಯ ಶಾಂತಾರಾಮ ಮಾಡುವ ನಮಸ್ಕಾರಗಳು. ನಾವೆಲ್ಲ ಕ್ಷೇಮ; ತಮ್ಮ ಕ್ಷೇಮವನ್ನು ದಿನವೂ ಸ್ನಾನದ ಹೊತ್ತಿಗೆ ಕಣ್ಣಾರೆ ಕಾಣುತ್ತಿರುವುದರಿಂದ ವಿಚಾರಿಸುವ ಅಗತ್ಯ ಬೀಳುತ್ತಿಲ್ಲ. ತಮ್ಮ ಗುಣಗಾನ ಮಾಡಿ ಅರ್ಧ ಊರಿಗೆ ತಮ್ಮನ್ನು ಮಾರಿದವನು ನಾನೇ ಆದ್ದರಿಂದ, ಬೇರೆ ಯಾರ ಮುಂದೆಯೂ ದೂರು ಹೇಳಲು ಬಾಯಿಲ್ಲದೆ ನೇರವಾಗಿ ತಮಗೇ ಬರೆಯುತ್ತಿದ್ದೇನೆ.

ಮಗಳು ವಿನುತಾಳ ಮದುವೆಯಲ್ಲಿ ವಧೂವರರ ನಡುವೆ ಹಿಡಿಯುವ ಅಂತರಪಟ ನಮ್ಮ ಮನೆಯದೇ ಆಗಬೇಕೆಂಬುದು ತೀರಿಹೋದ ನನ್ನ ಅಮ್ಮನ ಆಸೆಯಾಗಿತ್ತು. ಮೊಮ್ಮಗಳಿಗೆಂದೇ ಬಿಳಿ ಹತ್ತಿಬಟ್ಟೆಗೆ ಕೈಯಾರೆ ಅಂಚು ಹೊಲಿದು ಟ್ರಂಕಿನಲ್ಲಿಟ್ಟು ಹೋಗಿದ್ದಳು. ಅಮ್ಮ ಮದುವೆಗೆ ಬರುವುದಾದರೆ ಆ ಬಟ್ಟೆಯಾಗಿಯೇ ಬರಬೇಕು ಎಂದು ನಾನು ನಂಬಿಕೊಂಡಿದ್ದೆ. ಮಡಚಿಟ್ಟ ಬಟ್ಟೆ ಸ್ವಲ್ಪ ಮಂಕಾಗಿದೆ ಎನ್ನಿಸಿ, ಹೆಂಡತಿ ಭಾಗ್ಯಲಕ್ಷ್ಮಿ ಕರೆಯೋಲೆ ಹಂಚಲು ಹೋದ ಹೊತ್ತು ನೋಡಿ, ತಮ್ಮನ್ನು ಬಾವಿನೀರಿನ ಬಕೆಟ್ಟಿಗೆ ಆವಾಹನೆ ಮಾಡಿದೆ. ಮಳೆಗಾಲದಲ್ಲಿ ಪಂಚಾಯ್ತಿಯವರು ಬಾವಿಗೆ ಬ್ಲೀಚಿಂಗ್ ಪುಡಿ ಹಾಕುವುದನ್ನು ಕಂಡಿದ್ದ ನನಗೆ, ಬಾವಿಗೆ ಆಗಿಬರುವುದು ಬಟ್ಟೆಗೆ ಆಗಿಬಾರದೇ ಎನ್ನಿಸಿತ್ತು.

ತಮ್ಮ ಸಾಮರ್ಥ್ಯವನ್ನು ಎಷ್ಟು ಹೊಗಳಿದರೂ ಸಾಲದು. ನಮ್ಮದು ಚಿರೆಕಲ್ಲಿನ, ಅಂದರೆ ಕೆಂಪು ಜಂಬಿಟ್ಟಿಗೆಯ ಬಾವಿ. ಅದರ ನೀರಿನಲ್ಲಿ ಕಣ್ಣಿಗೆ ಕಾಣದೆ ತೆಪ್ಪಗಿದ್ದ ಕಬ್ಬಿಣದ ಅಂಶವನ್ನು ತಾವು ತುಕ್ಕಾಗಿಸಿ ಹೊರಗೆಳೆದು, ಬಟ್ಟೆಯ ತುಂಬ ಹಳದಿ ಕಲೆಗಳಾಗಿ ಕೂರಿಸಿದಿರಿ. ಕಲೆ ಹೋಗಲೆಂದು ತಮ್ಮನ್ನೇ ಇನ್ನೊಂದು ಮುಚ್ಚಳ ಸುರಿದರೆ, ಇನ್ನಷ್ಟು ಹುರುಪಿನಿಂದ ಹಳದಿ ಮಾಡಿದ ತಮ್ಮ ಕರ್ತವ್ಯನಿಷ್ಠೆ ಸರ್ಕಾರಿ ಕಚೇರಿಗಳಲ್ಲೂ ಅಪರೂಪ. ಮನೆಗೆ ಬಂದ ಹೆಂಡತಿ "ಎಂತ ಮಾಡಿಟ್ರಿ ಇದು? ಅತ್ತೆ ಇದ್ದಿದ್ರೆ ನಿಮ್ಮನ್ನೇ ಬಕೆಟ್ಟಿಗೆ ಅದ್ತಿದ್ರು" ಎಂದಳು. ನನಗೆ ನಗು ಬರಲಿಲ್ಲ, ಅಳು ಬಂತು.

ಆಮೇಲೆ ಅವಳು ತಮ್ಮ ವಾಸನೆಯೂ ಉಳಿಯದಂತೆ ಬಟ್ಟೆಯನ್ನು ಜಾಲಿಸಿ, ಹಿತ್ತಲಿನ ಹುಳಿ ಬಿಂಬುಳಿಕಾಯಿ ಜಜ್ಜಿ ಉಪ್ಪು ಬೆರೆಸಿ ಕಲೆಗಳಿಗೆ ತಿಕ್ಕಿ, ಬಿಸಿಲಿಗೆ ಹಾಕಿ, ಬಾವಿನೀರನ್ನು ಹಂಡೆಯಲ್ಲಿ ನಿಲ್ಲಿಸಿಟ್ಟು, ಕೆಂಪು ತಳಕ್ಕಿಳಿದ ಬಳಿಕ ಮೇಲಿನ ತಿಳಿನೀರಿನಲ್ಲಿ ತೊಳೆದಳು. ಎಲ್ಲ ಹೋಯಿತು. ಅಮ್ಮ ಹೊಲಿದ ಅಂಚಿನ ಮೇಲೆ ಕೂತ ಒಂದು ಕಲೆ ಮಾತ್ರ ಜಪ್ಪಯ್ಯ ಅಂದರೂ ಕದಲಲಿಲ್ಲ.

ಆದ್ದರಿಂದ ತಮ್ಮಲ್ಲಿ ಸವಿನಯ ಬಿನ್ನಹವೇನೆಂದರೆ, ತಮ್ಮ ಲೇಬಲ್ಲಿನಲ್ಲಿ "ಚಿರೆಕಲ್ಲಿನ ಬಾವಿಯವರು ದೂರದಿಂದಲೇ ಕೈಮುಗಿಯತಕ್ಕದ್ದು" ಎಂದು ದಪ್ಪಕ್ಷರದಲ್ಲಿ ಹಾಕಿಸಬೇಕು. "ಮೊದಲು ಬಟ್ಟೆಯ ಮೂಲೆಯಲ್ಲಿ ಪರೀಕ್ಷಿಸಿ" ಎಂಬ ಇರುವೆ ಗಾತ್ರದ ಅಕ್ಷರ ಓದಲು ಬಾಟಲಿಗೊಂದು ಕನ್ನಡಕ ಕಟ್ಟಿ ಕಳಿಸಬೇಕು. ಅದೂ ಆಗದಿದ್ದರೆ ಭಟ್ಕಳದಿಂದ ಕುಮಟೆಯವರೆಗಿನ ಬಾವಿಗಳ ಕಬ್ಬಿಣವನ್ನೆಲ್ಲ ಹೆಕ್ಕಿ ತೆಗೆದು, ಮನೆ ಕಟ್ಟುವವರಿಗೆ ಸರಳು ಮಾಡಿ ಹಂಚಬೇಕು.

ಮದುವೆಯ ದಿನ ಕಲೆಯನ್ನು ಮುಷ್ಟಿಯಲ್ಲಿ ಮುಚ್ಚಿಕೊಂಡೇ ಅಂತರಪಟದ ತುದಿ ಹಿಡಿದು ನಿಂತೆ. ಕಾಯ್ಕಿಣಿಯ ಬೀಗಿತ್ತಿ ಮಾದೇವಿಯವರ ಶುಚಿಯ ಖ್ಯಾತಿ ಕೇಳಿ ಮೊದಲೇ ಹೆದರಿದ್ದೆ. ಅವರು ನನ್ನ ಮುಷ್ಟಿಯ ಸಂದಿಯಿಂದ ಇಣುಕಿದ ಹಳದಿಯನ್ನೇ ನೋಡುತ್ತ ಹತ್ತಿರ ಬಂದು ಪಿಸುಗುಟ್ಟಿದರು: "ಕೈ ಬಿಡಿ ಬೀಗರೇ, ಬ್ಲೀಚಿಂದು ಅಲ್ದಾ? ನಮ್ಮ ಉಮೇಶನ ಪಂಚೆ ನೋಡಿ, ಬಿಳಿದೇ ತಂದದ್ದು. ಎಂತ ಮಾಡೂದು, ಕಲೆ ಹೋಗ್ಲಿಲ್ಲ, ಪೂರಾ ಅರಿಶಿನದಲ್ಲೇ ಅದ್ದಿಬಿಟ್ಟೆ." ಅಳಿಯ ಅಪ್ಪಟ ಹಳದಿಯಲ್ಲಿ ಲಕ್ಷಣವಾಗಿ ನಿಂತಿದ್ದ. ನಾನು ಮುಷ್ಟಿ ಬಿಟ್ಟೆ. ಅಮ್ಮನ ಹೊಲಿಗೆ ಕಲೆ ಸಮೇತ ಎಲ್ಲರಿಗೂ ಕಂಡಿತು.

ಮೂಗು ಮುಚ್ಚಿಕೊಂಡೇ,
ತಮ್ಮ ವಿಶ್ವಾಸಿ,
ಶಾಂತಾರಾಮ

ವಿ.ಸೂ.: ತಮ್ಮನ್ನು ಇಂದಿನಿಂದ ಪಾಯಖಾನೆಗೆ ವರ್ಗ ಮಾಡಲಾಗಿದೆ. ಅಲ್ಲಿರುವ ಆಸಿಡ್ ಬಾಟಲಿಯವರೊಡನೆ ದಯವಿಟ್ಟು ಬೀಗತನ ಬೆಳೆಸಬೇಡಿ; ತಾವಿಬ್ಬರೂ ಕೂಡಿದರೆ ಏಳುವ ಹೊಗೆಗೆ ಮನೆಮಂದಿಯೆಲ್ಲ ಅಂಗಳಕ್ಕೆ ಓಡಬೇಕಾಗುತ್ತದೆ. ಎಲ್ಲ ಸಂಬಂಧವೂ ನಮ್ಮದರಂತೆ ಕೂಡಿಬರುವುದಿಲ್ಲ.