ಅಪ್ಪಾಸಾಹೇಬರ ಬಾಣಂತನ

"ಹೊಟ್ಟಿ ಕೊಯ್ಸ್ಕೊಂಡವರಿಗೆ ತುಪ್ಪ ಬ್ಯಾಡಂದ್ರ ಮತ್ಯಾರಿಗೆ ಬೇಕ್ರಿ? ಬಾಯಿ ತಗೀರಿ."

"ಏ ಶಾಂತಾ, ತಗದಿದ್ದು ಪಿತ್ತಕೋಶ. ಜಿಡ್ಡು ಕಡಿಮಿ ಮಾಡ್ರಿ, ಸ್ವಲ್ಪ ಸ್ವಲ್ಪ ತಿನ್ರಿ ಅಂತ ಡಾಕ್ಟರ್ ಹೇಳಿಲ್ಲೇನು?"

"ಸ್ವಲ್ಪ ಅಂತನ ಒಂದ ಉಂಡಿ ತಂದೀನಿ."

ಆ ಒಂದು ಉಂಡಿ ಶಾಂತವ್ವನ ಅಂಗೈ ತುಂಬ ಕೂತಿತ್ತು. ಅಂಟು, ಒಣಕೊಬ್ಬರಿ, ಉತ್ತತ್ತಿ, ಮೇಲೆ ಕೈಬಿಚ್ಚಿ ಸುರಿದ ತುಪ್ಪ. ಧಾರವಾಡದಲ್ಲಿ ಇದನ್ನು ಬಾಣಂತಿಯರಿಗೆ ಕಟ್ಟುತ್ತಾರೆ. ಹ್ಯೂಸ್ಟನ್ ಪಕ್ಕದ ಸ್ಟಾಫರ್ಡಿನಲ್ಲಿ ಈಗ ಆಕೆಯ ಗಂಡ ಅಪ್ಪಾಸಾಹೇಬರಿಗೆ ಕಟ್ಟಲಾಗಿತ್ತು.

"ನಿನ್ನಿ ಅರ್ಧ ತಿಂದಿದ್ದಕ್ಕ ಬಾತ್‌ರೂಮಿನಾಗ ಸಂಸಾರ ಹೂಡಿದ್ದೆ. ನಾಳೆ ಮಗ ಶೀತಲ್‌ನ ಹೊಸಾ ಮನಿ ಗೃಹಪ್ರವೇಶ. ಡ್ಯಾಲಸ್ ಹತ್ರದ ಲೂಯಿಸ್‌ವಿಲ್‌ತನಕ ಡ್ರೈವ್ ಮಾಡಾಂವ ನಾನು. ಹೈವೇದಾಗ ಎಲ್ಲಿ ಓಡಲಿ?"

"ಅದು ಉಂಡಿದಲ್ರಿ. ದೃಷ್ಟಿ ಆಗೇತಿ."

"ತಿಳಿಸಾರು, ಮೆತ್ತನ್ನ ಅನ್ನ, ಕುದಿಸಿದ ಹೀರಿಕಾಯಿ, ಅಷ್ಟ ಕೊಡು ಮಾರಾಯ್ತಿ."

"ಬೀಗರು ಏನಂದಾರು? ಗಂಡನ್ನ ಉಪವಾಸ ಕೆಡವ್ಯಾಳ ಅನ್ನೂದಿಲ್ಲೇನು? ನಮ್ಮವ್ವ ನನ್ನ ಬಾಣಂತನ ಇದ ಉಂಡಿ ಮ್ಯಾಲ ಮಾಡ್ಯಾಳ!"

ಅಪ್ಪಾಸಾಹೇಬರಿಗೆ ಸಿಟ್ಟೂ ಬಂತು, ಕನಿಕರವೂ ಬಂತು. ಆಸ್ಪತ್ರೆಯಲ್ಲಿ ಈಕೆ ಸೆರಗು ಬಾಯಿಗಿಟ್ಟುಕೊಂಡು ಅತ್ತದ್ದನ್ನು ಅವರು ನೋಡಿದ್ದರು. ಬೈಯಲು ಮನಸ್ಸಾಗಲಿಲ್ಲ. ಸೋಫಾದ ಮೇಲೆ ಅಡ್ಡಾಗಿ, ಶಾಲನ್ನು ಕಿವಿ ಮುಚ್ಚುವಂತೆ ತಲೆಗೆ ಸುತ್ತಿಕೊಂಡರು.

"ಇದೇನ್ರಿ ಹೊಸಾ ವೇಷ?"

"ಬಾಣಂತಿಗೆ ಥಂಡಿ ಗಾಳಿ ತಾಕಬಾರದು. ಎಸಿ ಬಂದ್ ಮಾಡು."

"ಟೆಕ್ಸಸ್‌ನಾಗ? ಆಗಸ್ಟ್ ತಿಂಗಳಾಗ?"

"ಮೈಗೆ ಎಣ್ಣಿ ಹಚ್ಚಿ ಬಿಸಿನೀರೂ ಹಾಕಬೇಕು."

"ಹಾಕೂಣಂತ. ಮೊದಲ ಉಂಡಿ ತಿನ್ರಿ."

"ತಿಂತೀನಿ. ನಾಳೆ ನನ್ನ ಹಿಂದಿನ ಸೀಟಿನಾಗ ಮಲಗಿಸ್ಕೊಂಡು ನೀನ ಗಾಡಿ ಹೊಡಿ."

ದೇವಸ್ಥಾನ ಮತ್ತು ತರಕಾರಿ ಅಂಗಡಿಯಿಂದ ಆಚೆಗೆ ಶಾಂತವ್ವ ಗಾಡಿ ಓಡಿಸಿದವಳಲ್ಲ. ಹೈವೇ ಬಂದರೆ ಗಂಡನ ಪಕ್ಕ ಕೂತಾಗಲೂ ಕಣ್ಣು ಮುಚ್ಚಿಕೊಳ್ಳುವವಳು.

"ನಾನು? ಡ್ಯಾಲಸ್‌ತನಕ? ಹೈವೇದಾಗ?"

"ಮತ್ತ ಬಾಣಂತಿ ಹೊಡೀತಾಳೇನು?" ಎಂದು ಅಪ್ಪಾಸಾಹೇಬರು ದೊಡ್ಡದಾಗಿ ಬಾಯಿ ತೆರೆದರು.

ತುಟಿಯವರೆಗೆ ಬಂದಿದ್ದ ಉಂಡಿ ಸರಕ್ಕನೆ ಹಿಂದೆ ಹೋಯಿತು. ಶಾಂತವ್ವ ಶಾಲು ಹಿಡಿದೆಳೆದಳು.

"ಏಳ್ರಿ ಮ್ಯಾಲ! ಗಂಡಸಿಗೆ ಎಂಥಾ ಬಾಣಂತನರಿ, ಕೇಳಿದವರು ನಕ್ಕಾರು! ಹೋಗಿ ಗಾಡಿಗೆ ಗ್ಯಾಸ್ ಹಾಕ್ಕೊಂಡ ಬರ್ರಿ, ಅಷ್ಟರಾಗ ಅನ್ನಕ್ಕ ಇಡ್ತೀನಿ."