ಸೀಸೆಯೊಳಗಿನ ಸೇಬಿನ ಮಾನ

ಸೇಬಿನಿಂದಲೂ ಬ್ರಾಂದಿ ಇಳಿಸುತ್ತಾರೆಂಬ ಸಂಗತಿ ಆಗ್ನೆಸ್ ಬಾಯಿಯ ಕಿವಿಗೆ ಬಿದ್ದದ್ದು, ಅವರು ಅಮೆರಿಕದ ಎವರೆಟ್ ಊರಿನಲ್ಲಿರುವ ಮಗಳು ಲವೀನಾಳ ಮನೆಗೆ ಬಂದಿಳಿದ ಮೊದಲ ಭಾನುವಾರ. ಅಳಿಯ ರಾಯ್ಸ್ಟನ್ ಕಪಾಟು ತೆರೆದು, ಮೆರವಣಿಗೆ ಹೊರಡಿಸಿದವನಂತೆ ಒಂದೊಂದೇ ಸೀಸೆ ತೋರಿಸಿದ.

“ಇದು ಫ್ರಾನ್ಸಿಂದು ಅತ್ತೆ, ನಾರ್ಮಂಡಿ ಕಡೇದು. ಕಾಲ್ವಾಡೋಸ್ ಅಂತಾರೆ. ಇದು ಸ್ಪೇನಿಂದು. ಇದು ನ್ಯೂಜೆರ್ಸಿದು, ಆಪಲ್‌ಜಾಕ್. ಇದು ನಮ್ಮ ವಾಷಿಂಗ್ಟನ್ನಿಂದೇ.”

“ಎಲ್ಲದರಲ್ಲೂ ಇರುವುದು ಸೇಬೇ ಅಲ್ವಾ ಮಾರಾಯಾ? ಅದಕ್ಕೆ ಇಷ್ಟೊಂದು ಪಾಸ್‌ಪೋರ್ಟ್ ಯಾಕೆ?”

ಆದರೆ ಐದನೆಯ ಸೀಸೆ ಕಂಡಾಗ ಆಗ್ನೆಸ್ ಬಾಯಿ ಬಾಯಿ ಬಿಟ್ಟರು! ಹೆಬ್ಬೆರಳು ತೂರದ ಕತ್ತಿನ ಆ ಸೀಸೆಯೊಳಗೆ ಇಡೀ ಸೇಬು! ಮರದಲ್ಲಿ ಮಿಡಿಯಾಗಿದ್ದಾಗಲೇ ಸೀಸೆ ತೊಡಿಸಿ, ಒಳಗೇ ಬೆಳೆಸಿ, ಮೇಲೆ ಕಾಲ್ವಾಡೋಸ್ ತುಂಬಿದ್ದಂತೆ. ರಾಯ್ಸ್ಟನ್‌ನನ್ನು ಸಾಕಿ ಓದಿಸಿದ ದೊಡ್ಡಪ್ಪ ಲಾರೆನ್ಸ್ ಮದುವೆಗೆ ಕೊಟ್ಟ ಉಡುಗೊರೆ. ಈ ಕ್ರಿಸ್ಮಸ್‌ಗೆ ಬಂದು ತನ್ನ ಕೈಯಾರೆ ತೆರೆಯುವೆನೆಂದು ಅವರ ಅಪ್ಪಣೆ.

“ಸೇಬು ಯಾವಾಗ್ಲೂ ಮುಳುಗಿರ್ಬೇಕು ಅತ್ತೆ, ಇಲ್ಲಾಂದ್ರೆ ಕಪ್ಪಾಗತ್ತೆ. ಸ್ವಲ್ಪ ನೋಡ್ಕೊಳ್ಳಿ.”

“ನಾನಿರುವಾಗ ಈ ಮನೆಯಲ್ಲಿ ಒಂದು ಸಾಸಿವೆ ಕಾಳೂ ಹಾಳಾಗ್ಲಿಕ್ಕಿಲ್ಲ!” ಎಂದು ಕೋಟೆ ಕಾಯುವ ರಾಣಿಯಂತೆ ಘೋಷಿಸಿದರು ಬಾಯಿ.

ನವೆಂಬರ್ ಬಂತು. ಕ್ರಿಸ್ಮಸ್ ಕೇಕಿಗೆ ದ್ರಾಕ್ಷಿ, ಚೆರಿ, ಕಿತ್ತಳೆ ಸಿಪ್ಪೆಗಳನ್ನು ನೆನೆಹಾಕುವಾಗ ಅಡುಗೆಯ ಬ್ರಾಂದಿ ಅರ್ಧದಲ್ಲೇ ಮುಗಿಯಿತು. ಮನೆಯಲ್ಲಿ ಯಾರೂ ಇಲ್ಲ. ಕಪಾಟಿನಲ್ಲಿ ಬಿರಡೆ ಸಡಿಲವಾಗಿದ್ದದ್ದು ಆ ಸೇಬಿನ ಸೀಸೆಯದು ಮಾತ್ರ. ಒಂದೇ ಒಂದು ಸೌಟು, ಯಾರಿಗೆ ಗೊತ್ತಾದೀತು!

ಬಗ್ಗಿಸಿದರು. ಸೇಬು ಉರುಳಿ ಕತ್ತಿಗೆ ಅಡ್ಡ ಕೂತಿತು. ಒಂದು ಹನಿಯೂ ಇಲ್ಲ. ಅಲ್ಲಾಡಿಸಿದರು. ಇಲ್ಲ. ಸಿಟ್ಟು ಬಂದು ತಳಕ್ಕೆ ಒಂದು ಗುದ್ದು ಕೊಟ್ಟರು ನೋಡಿ, ದಬದಬನೆ ಅರ್ಧ ಸೀಸೆ ಜಾಡಿಗೆ! ಪಾಪ, ಸೇಬು ಸೊಂಟದವರೆಗೆ ಬತ್ತಲೆ!

ಅದರ ಮಾನ ಮುಚ್ಚಲು ಬಾಯಿ ಉಳಿದ ನಾಲ್ಕನ್ನೂ ತೆರೆದು ನಾರ್ಮಂಡಿ, ಸ್ಪೇನ್, ನ್ಯೂಜೆರ್ಸಿ, ವಾಷಿಂಗ್ಟನ್ ಎಲ್ಲವನ್ನೂ ಒಂದೇ ಸೀಸೆಯಲ್ಲಿ ರಾಜಿ ಮಾಡಿಸಿದರು. ಈಗ ಆ ನಾಲ್ಕು ಸೀಸೆಗಳಲ್ಲಿ ಮಟ್ಟ ಇಳಿಯಿತು! ಅವಕ್ಕೆ ಹಾಲಿಲ್ಲದ ಚಹಾ ಹೊಯ್ಯುತ್ತಿರುವಾಗಲೇ ಲವೀನಾ ಒಳಗೆ ಬಂದಳು.

“ಮಮ್ಮಿ! ಏನ್ ಮಾಡ್ತಿದೀಯಾ?”

“ಶ್! ಬೊಬ್ಬೆ ಹೊಡೀಬೇಡ ಮಾರಾಯ್ತಿ. ಬಣ್ಣ ಸರಿ ಉಂಟಾ ನೋಡು.”

“ದೊಡ್ಡಪ್ಪ ಒಂದು ಗುಟುಕು ಕುಡಿದ್ರೆ ಸಾಕು, ಗೊತ್ತಾಗೋಗತ್ತೆ! ರಾಯ್ಸ್ಟನ್ ಅವರ ಮುಂದೆ ತಲೆ ಎತ್ತೋದು ಹೇಗೆ? ನಿನ್ನ ಮುಖ ಯಾರು ನೋಡ್ತಾರೆ?”

ಅಂದಿನಿಂದ ಬಾಯಿ ಸಂತ ಅಂತೋನಿಗೆ ಎಷ್ಟು ಮೇಣದಬತ್ತಿ ಹರಕೆ ಹೊತ್ತರೋ!

ಕ್ರಿಸ್ಮಸ್ ದಿನ ಲಾರೆನ್ಸ್ ಬಂದರು. ಸೀಸೆಯನ್ನು ಕಿಟಕಿಯ ಬೆಳಕಿಗೆ ಹಿಡಿದರು. ಬಾಯಿ ಕಣ್ಣು ಮುಚ್ಚಿದರು.

“ಅಬ್ಬ! ಸೇಬು ಎಷ್ಟು ಚೆಂದ ಉಂಟು! ಒಂದು ತೊಟ್ಟೂ ಕಡಿಮೆಯಾಗ್ಲಿಲ್ಲ!” ಎಂದು ಲಾರೆನ್ಸ್ ನಿಟ್ಟುಸಿರಿಟ್ಟರು. “ಎಂತ ಪ್ರಯೋಜನ? ಡಾಕ್ಟರು ಮುಟ್ಟಬಾರದು ಅಂದಿದ್ದಾರೆ. ಇದು ಹೀಗೇ ಇರ್ಲಿ. ಕೇಕ್ ಇದ್ರೆ ಒಂದು ತುಂಡು ಕೊಡಿ.”

ಆಗ್ನೆಸ್ ಬಾಯಿಯ ಎದೆಯಿಂದ ಬಂಡೆಯೇ ಉರುಳಿತು! ಆದರೆ ಅವರಿಗಿಂತ ಜೋರಾಗಿ ಉಸಿರು ಬಿಟ್ಟವನು ಅಳಿಯ. ಬಾಯಿ ಅವನನ್ನು ಅಡುಗೆಮನೆಗೆ ಎಳೆದುಕೊಂಡು ಹೋಗಿ ಕೇಳಿದರು: “ನಿನಗೆಂತ ಆಯಿತು?”

“ಯಾರಿಗೂ ಹೇಳ್ಬೇಡಿ ಅತ್ತೆ. ಹೋದ ವರ್ಷ ಫ್ರೆಂಡ್ಸ್ ಬಂದಾಗ ಅದನ್ನ ಖಾಲಿ ಮಾಡಿ, ಆಪಲ್‌ಜಾಕ್ ತುಂಬಿಟ್ಟಿದ್ದೆ!”

ಬಾಯಿ ಸೆರಗು ಬಾಯಿಗೆ ತುರುಕಿಕೊಂಡು ನಕ್ಕರು. ತನ್ನ ಪಾಲಿನ ಕಥೆ ಮಾತ್ರ ಹೇಳಲಿಲ್ಲ. ಲವೀನಾ ಬಾಗಿಲಲ್ಲಿ ನಿಂತು ಇಬ್ಬರನ್ನೂ ನೋಡಿದ ನೋಟ ಇದೆಯಲ್ಲ, ಅದಕ್ಕೆ ಹಾಲೂ ಒಡೆಯುತ್ತಿತ್ತು!

ಮೂರು ತುಂಡು ಕೇಕ್ ಮುಗಿಸಿ ಹೊರಟ ಲಾರೆನ್ಸ್, ಕಾರಿನಿಂದ ಒಂದು ದೊಡ್ಡ ಪೆಟ್ಟಿಗೆ ತಂದು ಬಾಯಿಯ ಕೈಗಿಟ್ಟರು. ಒಳಗೆ ಸಾಲಾಗಿ ಆರು ಸೀಸೆ ಕಾಲ್ವಾಡೋಸ್.

“ನನ್ನ ಮನೆಯಲ್ಲಿದ್ದರೆ ನನ್ನ ಕೈ ಸುಮ್ಮನಿರ್ಲಿಕ್ಕಿಲ್ಲ ಆಗ್ನೆಸ್ ಬಾಯಿ. ರಾಯ್ಸ್ಟನ್ ಮೇಲೆ ನನಗೆ ಅಷ್ಟು ನಂಬಿಕೆ ಇಲ್ಲ. ಡಾಕ್ಟರು ಹೂಂ ಅನ್ನುವವರೆಗೆ ನೀವೇ ಕಾದುಕೊಡ್ಬೇಕು!”